ದನಿ ಬಂದ ಕಾಲದ ನಟಿಯರು

(ಮಂಡ್ಯ ಬಳಿಯ ವಿ.ಸಿ. ಫಾರಂನಲ್ಲಿ ನೀಡಿದ ದತ್ತಿ ಉಪನ್ಯಾಸದ ಬರಹರೂಪ)



ಭತ್ತದ ತಳಿ, ಕೂಳೆ ಕಬ್ಬು, ನಾಲೆ ನೀರಿನ ಸರದಿ, ಇವುಗಳ ಮಾತೇ ನಡೆಯುವ ಈ ಆವರಣದಲ್ಲಿ ತೊಂಬತ್ತು ವರ್ಷದ ಹಿಂದಿನ ಸಿನಿಮಾ ನಟಿಯರಿಗೇನು ಕೆಲಸ ಎಂದು ಹಿರಿಯರೊಬ್ಬರು ನಗುತ್ತಲೇ ಕೇಳಿದರು. ಕೆಲಸವಿದೆ. ಕನ್ನಂಬಾಡಿಯ ನೀರು ಇರ್ವಿನ್ ನಾಲೆಯಲ್ಲಿ ಈ ಬಯಲಿಗೆ ಬಂತು. ಆ ನಾಲೆಯೇ ಮುಂದೆ ವಿಶ್ವೇಶ್ವರಯ್ಯ ನಾಲೆಯಾಯಿತು, ಈ ಫಾರಂಗೂ ಅದರದೇ ಹೆಸರು. 1933ರಲ್ಲಿ ಮಂಡ್ಯದಲ್ಲಿ ಸಕ್ಕರೆ ಕಂಪನಿ ಹುಟ್ಟಿತು. ಮರುವರ್ಷ, 1934ರ ಮಾರ್ಚ್ 3ರಂದು, ಬೆಂಗಳೂರಿನ ಪ್ಯಾರಾಮೌಂಟ್ ಚಿತ್ರಮಂದಿರದಲ್ಲಿ ಕನ್ನಡದ ಮೊದಲ ಟಾಕಿ ‘ಸತಿ ಸುಲೋಚನಾ’ ತೆರೆಕಂಡಿತು. ಬೆಂಗಳೂರಿಗೆ ಕರೆಂಟು ಹೋಗುತ್ತಿದ್ದದ್ದು 1905ರಿಂದಲೂ ಶಿವನಸಮುದ್ರದಿಂದ, ಅಂದರೆ ಮಳವಳ್ಳಿ ತಾಲ್ಲೂಕಿನಿಂದ. ಕಬ್ಬು, ಕರೆಂಟು, ಟಾಕಿ ಈ ಮೂರೂ ಹಳೆ ಮೈಸೂರಿನ ಒಂದೇ ತಲೆಮಾರು ಕಂಡ ಹೊಸತು. ಕಬ್ಬು ತಂದವರ ಚರಿತ್ರೆ ನಮಗೆ ಗೊತ್ತು, ಕರೆಂಟು ತಂದವರ ಪ್ರತಿಮೆಗಳೂ ಇವೆ. ಟಾಕಿಗೆ ದನಿ ಕೊಟ್ಟ ಹೆಂಗಸರ ವಿಷಯ ಬಂದಾಗ ಮಾತ್ರ ನಾವು ನಾಲ್ಕು ಸಾಲಿಗೆ ನಿಲ್ಲಿಸುತ್ತೇವೆ.

ಈ ಮಾತನ್ನು ದೂರದ ಡೆನ್ಮಾರ್ಕಿನಿಂದ ಶುರುಮಾಡುತ್ತೇನೆ, ತುಸು ತಾಳ್ಮೆಯಿರಲಿ.

ಮೂಕಿಚಿತ್ರಗಳ ನಟಿ ಆಸ್ಟಾ ನೀಲ್ಸನ್ ಹುಟ್ಟಿದ್ದು 1881ರಲ್ಲಿ, ಕೋಪನ್‌ಹೇಗನ್ನಿನ ಬಡ ಮನೆಯೊಂದರಲ್ಲಿ. ಅಪ್ಪ ಕಮ್ಮಾರ, ಆಗಾಗ ಕೆಲಸವಿಲ್ಲದೆ ಕೂರುತ್ತಿದ್ದವನು. ಅವ್ವ ಬಟ್ಟೆ ಒಗೆದು ಸಂಸಾರ ತೂಗಿಸುತ್ತಿದ್ದವಳು. ಮದುವೆಯಾಗದೆಯೇ ಒಂದು ಮಗುವಿನ ತಾಯಿಯಾದ ಈಕೆ ಮಗುವಿನ ತಂದೆ ಯಾರೆಂದು ಹೇಳಲಿಲ್ಲ, ತಲೆ ತಗ್ಗಿಸಲೂ ಇಲ್ಲ. ರಂಗಭೂಮಿಯಲ್ಲಿ ವರ್ಷಗಟ್ಟಲೆ ದುಡಿದರೂ ಸಿಕ್ಕಿದ್ದು ಸಣ್ಣಪುಟ್ಟ ಪಾತ್ರಗಳು. 1910ರಲ್ಲಿ ಉರ್ಬನ್ ಗಾಡ್ ಎಂಬಾತ ಆಕೆಯನ್ನೇ ನಾಯಕಿ ಮಾಡಿ ಅಲ್ಪ ದುಡ್ಡಿನಲ್ಲಿ ಒಂದು ಸಿನಿಮಾ ತೆಗೆದ. ಪಿಯಾನೋ ಪಾಠ ಹೇಳುವ ಹುಡುಗಿಯೊಬ್ಬಳು ಸರ್ಕಸ್ಸಿನವನ ಹಿಂದೆ ಹೋಗಿ, ಕೊನೆಗೆ ಅವನನ್ನೇ ಇರಿದು ಕೊಲ್ಲುವ ಕಥೆ. ಹೆಚ್ಚೆಂದರೆ ಮುಕ್ಕಾಲು ಗಂಟೆಯ ಚಿತ್ರ. ನಾಟಕದವರು ಕೈಕಾಲು ಬೀಸಿ ಅಭಿನಯಿಸುತ್ತಿದ್ದ ಆ ಕಾಲದಲ್ಲಿ ಆಸ್ಟಾ ಸುಮ್ಮನೆ ನಿಂತು ಕಣ್ಣಿನಲ್ಲೇ ಎಲ್ಲವನ್ನೂ ಹೇಳಿದಳು. ಕ್ಯಾಮೆರಾಗೆ ಬೇಕಾದದ್ದು ಅದೇ ಎಂದು ಅವಳಿಗೆ ಯಾರೂ ಕಲಿಸಿರಲಿಲ್ಲ.

ಮರುವರ್ಷ ಅವಳು ಜರ್ಮನಿಗೆ ಹೋದಳು. ಡೇನಿಷ್ ಮಾತಾಡುವ ಹೆಂಗಸು ಜರ್ಮನ್ ಪ್ರೇಕ್ಷಕರ ಕಣ್ಮಣಿಯಾದದ್ದು ಹೇಗೆ? ಚಿತ್ರಕ್ಕೆ ಮಾತಿರಲಿಲ್ಲ, ಅದಕ್ಕೇ. ಮಾತಿನ ಪಟ್ಟಿಯನ್ನು ಬದಲಾಯಿಸಿದರೆ ಅದೇ ರೀಲು ಯಾವ ದೇಶಕ್ಕಾದರೂ ನಡೆಯುತ್ತಿತ್ತು. 1920ರ ಹೊತ್ತಿಗೆ ಅವಳು ತನ್ನದೇ ನಿರ್ಮಾಣ ಸಂಸ್ಥೆ ಕಟ್ಟಿ ‘ಹ್ಯಾಮ್ಲೆಟ್’ ತೆಗೆದಳು. ಅದರಲ್ಲಿ ಹ್ಯಾಮ್ಲೆಟ್ ಹುಟ್ಟಿನಿಂದ ಹೆಣ್ಣು, ಸಿಂಹಾಸನ ತಪ್ಪಬಾರದೆಂದು ಗಂಡಿನ ವೇಷದಲ್ಲಿ ಬೆಳೆದವಳು. ಆ ಪಾತ್ರ ಆಸ್ಟಾಳದೇ. ನಮ್ಮಲ್ಲಿ ಗಂಡಸರು ಸೀರೆ ಉಟ್ಟು ದ್ರೌಪದಿಯಾಗುತ್ತಿದ್ದ ಕಾಲದಲ್ಲಿ ಅಲ್ಲೊಬ್ಬಳು ಸ್ವಂತ ಬಂಡವಾಳ ಹಾಕಿ ರಾಜಕುಮಾರನಾದಳು.

ಆಮೇಲೆ ದನಿ ಬಂತು. 1932ರಲ್ಲಿ ಒಂದೇ ಒಂದು ಟಾಕಿಯಲ್ಲಿ ನಟಿಸಿ ಆಸ್ಟಾ ಸಿನಿಮಾ ಬಿಟ್ಟಳು. ನಾಜಿಗಳ ಆಳ್ವಿಕೆ ಬಂದ ಮೇಲೆ ತಾಯ್ನಾಡಿಗೆ ಮರಳಿದಳು. ಆತ್ಮಕಥೆ ಬರೆದಳು, ಬಟ್ಟೆಯ ತುಂಡುಗಳನ್ನು ಅಂಟಿಸಿ ಚಿತ್ರ ಮಾಡಿದಳು. ತನ್ನ ಬಗ್ಗೆ ಬೇರೆಯವರು ತೆಗೆಯಹೊರಟ ಸಾಕ್ಷ್ಯಚಿತ್ರ ಮನಸ್ಸಿಗೆ ಬರದೆ, ಎಂಬತ್ತೈದು ದಾಟಿದ ಮೇಲೆ, 1968ರಲ್ಲಿ, ತಾನೇ ನಿರ್ದೇಶಿಸಿದಳು. 1972ರಲ್ಲಿ ತೀರಿಕೊಂಡಳು. ಆ ಕೊನೆಯ ಸಾಹಸ ನನಗೆ ಬಹಳ ಇಷ್ಟ. ನನ್ನ ಕಥೆಯನ್ನು ನಾನೇ ಹೇಳುತ್ತೇನೆ, ನೀವು ಸುಮ್ಮನಿರಿ ಎಂದ ಹಾಗೆ.

ಈಗ ನಮ್ಮ ಕಡೆಗೆ ಬರೋಣ. ಆಸ್ಟಾ ಯೂರೋಪಿನ ತುಂಬ ಹೆಸರಾಗಿದ್ದ 1913ರಲ್ಲೇ ದಾದಾಸಾಹೇಬ್ ಫಾಲ್ಕೆ ‘ರಾಜಾ ಹರಿಶ್ಚಂದ್ರ’ ತೆಗೆದರು. ಅದರ ತಾರಾಮತಿ ಹೋಟೆಲಿನಲ್ಲಿ ಅಡುಗೆ ಮಾಡುತ್ತಿದ್ದ ಅಣ್ಣಾ ಸಾಳುಂಕೆ ಎಂಬ ಗಂಡಸು. ಹೆಂಗಸರು ಒಪ್ಪಲಿಲ್ಲ. ಸ್ವಲ್ಪದರಲ್ಲೇ ದುರ್ಗಾಬಾಯಿ ಕಾಮತ್, ಅವರ ಮಗಳು ಕಮಲಾಬಾಯಿ ಕ್ಯಾಮೆರಾ ಮುಂದೆ ಬಂದರಾದರೂ ಮೂಕಿಚಿತ್ರದ ಉದ್ದಕ್ಕೂ ಮಿಂಚಿದವರಲ್ಲಿ ಬಹಳ ಮಂದಿ ಆಂಗ್ಲೋ ಇಂಡಿಯನ್ ಮತ್ತು ಯಹೂದಿ ಮನೆಗಳ ಹುಡುಗಿಯರು. ಸೀತಾದೇವಿ ಎಂದು ಹೆಸರಾದವಳ ಮನೆಯ ಹೆಸರು ರೆನೀ ಸ್ಮಿತ್. ಸುಲೋಚನಾ ಎಂದು ಜನ ಕರೆದವಳು ರೂಬಿ ಮಯರ್ಸ್, ಟೆಲಿಫೋನ್ ಆಪರೇಟರ್ ಆಗಿದ್ದವಳು. ಸೀತಾದೇವಿಯ ಜೊತೆ ‘ಶಿರಾಜ್’ ಎಂಬ ಚಿತ್ರದಲ್ಲಿ 1928ರಲ್ಲಿ ನಟಿಸಿದ ಏಣಾಕ್ಷಿ ರಾಮರಾವ್ ಮುಂದೆ ಬೆಂಗಳೂರಿನ ಕಡೆಯ ಚಿತ್ರವೊಂದಕ್ಕೂ ಬಂದರು. ಮೋಹನ್ ಭವನಾನಿ ತೆಗೆದ ‘ಮೃಚ್ಛಕಟಿಕ’, ಅಂದರೆ ‘ವಸಂತಸೇನಾ’. ಅದರಲ್ಲಿ ಮಂಗಳೂರಿನ ಕಮಲಾದೇವಿ ಚಟ್ಟೋಪಾಧ್ಯಾಯರೂ ಇದ್ದರು. ಬಾಲವಿಧವೆಯಾಗಿ ಮರುಮದುವೆಯಾದ, ಉಪ್ಪಿನ ಸತ್ಯಾಗ್ರಹದಲ್ಲಿ ಜೈಲಿಗೆ ಹೋದ ಆ ದಿಟ್ಟೆಗೆ ಸಿನಿಮಾ ಇನ್ನೊಂದು ಗೋಡೆ ಮಾತ್ರ, ಅದನ್ನೂ ಹಾರಿದರು. ಆದರೆ ಹೊಟ್ಟೆಪಾಡಿಗೆ ನಟನೆಯನ್ನೇ ನಂಬಿದವರ ಕಥೆ ಬೇರೆ. ನನ್ನ ಮಾತು ಇರುವುದು ಅವರ ಬಗ್ಗೆ.

ಟಾಕಿ ಬಂದಾಗ ರೆನೀ ಸ್ಮಿತ್‌ಳಂಥವರ ಕಾಲ ಮುಗಿಯಿತು. ರೂಬಿ ಮಯರ್ಸ್ ಹಿಂದೂಸ್ತಾನಿ ಕಲಿಯಲು ಕೂರಬೇಕಾಯಿತು. ದನಿ ಆಸ್ಟಾಳಿಗೆ ಮುಚ್ಚಿದ ಬಾಗಿಲನ್ನೇ ನಮ್ಮ ಕಂಪನಿ ನಾಟಕದ ಹೆಣ್ಣುಮಕ್ಕಳಿಗೆ ತೆರೆಯಿತು ಎಂಬುದು ನನ್ನ ವಾದ. ಯಾಕೆ? ಆಗಿನ್ನೂ ಹಿನ್ನೆಲೆ ಗಾಯನವಿಲ್ಲ. ನಟಿಸುವವರೇ ಸೆಟ್ಟಿನಲ್ಲಿ ನಿಂತು ಹಾಡಬೇಕು, ವಾದ್ಯದವರು ಕ್ಯಾಮೆರಾದ ಕಣ್ಣಿಗೆ ಬೀಳದ ಹಾಗೆ ಮರೆಯಲ್ಲಿ ಕೂತು ನುಡಿಸಬೇಕು. ಪದ್ಯ ಬಾಯಿಗೆ ಬರಬೇಕು, ಶ್ರುತಿ ತಪ್ಪಬಾರದು, ಉದ್ದುದ್ದ ಮಾತನ್ನು ಒಂದೇ ಉಸಿರಿಗೆ ಒಪ್ಪಿಸಬೇಕು. ಇಷ್ಟೂ ಗೊತ್ತಿದ್ದ ಹೆಂಗಸರು ನಾಡಿನಲ್ಲಿ ಇದ್ದದ್ದು ಎಲ್ಲಿ? ನಾಟಕ ಕಂಪನಿಗಳಲ್ಲಿ, ಸಂಗೀತವನ್ನೇ ಕುಲಕಸುಬಾಗಿ ಮಾಡಿಕೊಂಡ ಮನೆಗಳಲ್ಲಿ. ಸಭ್ಯ ಮನೆಯವರು ಮೂಗು ಮುರಿಯುತ್ತಿದ್ದ ಜಾಗಕ್ಕೇ ಸಿನಿಮಾದವರು ಹುಡುಕಿಕೊಂಡು ಬಂದರು.

ಬಿ. ಜಯಮ್ಮ ಮೂಕಿ, ಟಾಕಿ ಎರಡೂ ಕಾಲವನ್ನು ದಾಟಿದವರು. ನಾಟಕ ಕಂಪನಿಯ ಗುಬ್ಬಿ ವೀರಣ್ಣನವರು ಮೂಕಿಚಿತ್ರಗಳಿಗೆ ಕೈಹಾಕಿದಾಗ ಒಂದನ್ನು ನಿರ್ದೇಶಿಸಿದವನು ಬೆಲ್ಜಿಯಂನ ರಫೇಲ್ ಆಲ್ಗೊ, ಚಿತ್ರದ ಹೆಸರು ‘ಹಿಸ್ ಲವ್ ಅಫೇರ್’, ನಟಿಸಿದವರು ವೀರಣ್ಣ, ಜಯಮ್ಮ. ಚಿಕ್ಕಂದಿನಿಂದ ಕಂಪನಿಯಲ್ಲಿ ಬೆಳೆದು, ವೀರಣ್ಣನವರ ಕೈಹಿಡಿದು, ಯೂರೋಪಿನವನೊಬ್ಬ ಹೇಳಿದಂತೆ ಕ್ಯಾಮೆರಾ ಮುಂದೆ ಮೌನವಾಗಿ ನಟಿಸಿದ ಆ ಹೆಣ್ಣುಮಗಳೇ ಟಾಕಿಯಲ್ಲಿ ‘ಸದಾರಮೆ’, ‘ಸುಭದ್ರಾ’, ‘ಹೇಮರೆಡ್ಡಿ ಮಲ್ಲಮ್ಮ’ ಚಿತ್ರಗಳಲ್ಲಿ ಹಾಡಿದರು. ತೆಲುಗಿನವರು ಕರೆದು 1945ರ ‘ಸ್ವರ್ಗಸೀಮ’ದಲ್ಲಿ, ಮರುವರ್ಷ ‘ತ್ಯಾಗಯ್ಯ’ದಲ್ಲಿ ಹೆಂಡತಿಯ ಪಾತ್ರ ಕೊಟ್ಟರು. ‘ಸ್ವರ್ಗಸೀಮ’ದಲ್ಲಿ ಗಂಡನನ್ನು ಸೆಳೆದುಕೊಳ್ಳುವ ಮೋಹಕ ಪಾತ್ರ ಭಾನುಮತಿಯವರದು. ಜನ ಭಾನುಮತಿಯ ಹಾಡನ್ನು ಗುನುಗಿದರು. ಮನೆಯಲ್ಲಿ ಕೂತು ಕಾಯುವ ಹೆಂಡತಿಯ ಪಾತ್ರಕ್ಕೆ ಘನತೆ ತರುವುದು ಹೆಚ್ಚು ಕಷ್ಟದ ಕೆಲಸ. ಜಯಮ್ಮ ಅದನ್ನು ಮಾಡಿದರು.

ಇಲ್ಲಿ ನಿಮ್ಮ ಸೀಮೆಯ ಒಂದು ಹೆಸರನ್ನು ಹೇಳದೆ ಮುಂದೆ ಹೋದರೆ ತಪ್ಪಾದೀತು. ಅದೇ ಗುಬ್ಬಿ ಕಂಪನಿಯ ರಂಗದ ಮೇಲೆ ಮಳವಳ್ಳಿ ಸುಂದರಮ್ಮನವರು ಹಾಡಿ ನಟಿಸಿದರು. ತಾಲ್ಲೂಕಿನ ಹೆಸರನ್ನು ತಮ್ಮ ಹೆಸರಿನ ಮುಂದೆ ಇಟ್ಟುಕೊಂಡು ನಾಡು ಸುತ್ತಿದವರು. ಮಳವಳ್ಳಿಯಿಂದ ಬಂದವರು ಇಲ್ಲಿ ಬಹಳ ಮಂದಿ ಇದ್ದೀರಿ. ಊರಿಗೆ ಹೋದ ಮೇಲೆ ಹಿರಿಯರನ್ನು ಕೇಳಿ.

‘ಸತಿ ಸುಲೋಚನಾ’ದ ಸುಲೋಚನೆ ತ್ರಿಪುರಾಂಬ. ಕನ್ನಡ ಟಾಕಿಯ ಮೊದಲ ನಾಯಕಿ ಎಂದರೆ ಇವರೇ. ಇಂದ್ರಜಿತುವಾಗಿ ಎಂ.ವಿ. ಸುಬ್ಬಯ್ಯ ನಾಯ್ಡು, ರಾವಣನಾಗಿ ಆರ್. ನಾಗೇಂದ್ರರಾಯರು, ಮಂಡೋದರಿಯಾಗಿ ಲಕ್ಷ್ಮೀಬಾಯಿ. ನಿರ್ದೇಶನ ವೈ.ವಿ. ರಾವ್, ಮಾತು ಮತ್ತು ಹಾಡು ಬೆಳ್ಳಾವೆ ನರಹರಿ ಶಾಸ್ತ್ರಿ, ಹಣ ಹಾಕಿದವರು ಚಮನ್‌ಲಾಲ್ ಡುಂಗಾಜಿ. ಬೆಂಗಳೂರಿನಲ್ಲಿ ಟಾಕಿಗೆ ಸ್ಟುಡಿಯೋ ಇರಲಿಲ್ಲ, ತಂಡವೆಲ್ಲ ಕೊಲ್ಹಾಪುರದ ಛತ್ರಪತಿ ಸಿನಿಟೋನ್‌ಗೆ ಹೋಗಿ ಚಿತ್ರ ತೆಗೆದು ಬಂತು. ಆ ಚಿತ್ರದ ಪ್ರತಿ ಇವತ್ತು ಉಳಿದಿಲ್ಲ. ಸುಬ್ಬಯ್ಯ ನಾಯ್ಡು ಅವರನ್ನು ನೆನೆಯಲು ಮಗ ಲೋಕೇಶ್ ಅವರ ಚಿತ್ರಗಳಿವೆ, ನಾಗೇಂದ್ರರಾಯರದು ದೊಡ್ಡ ವಂಶ. ಲಕ್ಷ್ಮೀಬಾಯಿಯವರನ್ನು ನಾವು ಹೆಚ್ಚಾಗಿ ಗುರುತಿಸುವುದು ನಾಯ್ಡು ಅವರ ಪತ್ನಿ ಎಂದು. 1941ರ ‘ವಸಂತಸೇನಾ’ ಟಾಕಿಯ ವಸಂತಸೇನೆ ಅವರೇ ಎಂಬುದು ಎಷ್ಟು ಜನರಿಗೆ ನೆನಪಿದೆ? ತ್ರಿಪುರಾಂಬ ಅವರಿಗಂತೂ ಸಿನಿಮಾದಲ್ಲಿ ಹೆಸರಾದ ನೆಂಟರಿದ್ದರೆಂದು ನಾನು ಕೇಳಿಲ್ಲ. ನಮ್ಮ ಚಿತ್ರರಂಗದ ನೆನಪು ಮನೆತನದ ಬೆನ್ನು ಹತ್ತಿ ಹೋಗುತ್ತದೆ. ಮನೆತನ ಇಲ್ಲದವರು ಅಲ್ಲಿಂದ ಜಾರಿಬಿಡುತ್ತಾರೆ.

ಇನ್ನು ಎಂ.ವಿ. ರಾಜಮ್ಮ. ಈ ಉಪನ್ಯಾಸವನ್ನು ಇವರೊಬ್ಬರ ಮೇಲೆಯೇ ಮಾಡಬಹುದಿತ್ತು.

1936ರಲ್ಲಿ ಎಚ್.ಎಲ್.ಎನ್. ಸಿಂಹ ತಮ್ಮ ‘ಸಂಸಾರ ನೌಕ’ ನಾಟಕವನ್ನೇ ಸಿನಿಮಾ ಮಾಡಿದರು. ಅಲ್ಲಿಯವರೆಗೆ ಕನ್ನಡ ಟಾಕಿ ಎಂದರೆ ಕಿರೀಟ, ಗದೆ. ಇದು ಪಂಚೆ, ಸೀರೆ ಉಟ್ಟ ಜನರ ಕಥೆ, ಹಿರಿಯರ ಮಾತು ಮೀರಿ ಮದುವೆಯಾದ ಗಂಡ ಹೆಂಡಿರ ಪಾಡು. ನಾಯಕ ಬಿ.ಆರ್. ಪಂತುಲು, ನಾಯಕಿ ರಾಜಮ್ಮ. ಆಕೆಗೆ ಇನ್ನೂ ಹದಿಹರೆಯ. ಪುರಾಣದ ಪಾತ್ರಕ್ಕೆ ಹಾಡು ಆಸರೆಯಾಗುತ್ತದೆ, ಒಡವೆ ಆಸರೆಯಾಗುತ್ತದೆ. ಸಾಮಾಜಿಕ ಚಿತ್ರದಲ್ಲಿ ಪಕ್ಕದ ಮನೆಯ ಸೊಸೆಯ ಹಾಗೆ ನಡೆಯಬೇಕು, ಪಾತ್ರೆ ಎತ್ತಿಡಬೇಕು, ಅಳಬೇಕು. ಆ ಬಗೆಯ ಅಭಿನಯಕ್ಕೆ ಕನ್ನಡ ಸಿನಿಮಾದಲ್ಲಿ ಹಿಂದಿನ ಮಾದರಿಯೇ ಇರಲಿಲ್ಲ, ರಾಜಮ್ಮನವರೇ ಮಾದರಿಯಾದರು.

ಆದರೆ ಕನ್ನಡದಲ್ಲಿ ಆಗ ವರ್ಷಕ್ಕೆ ಒಂದೋ ಎರಡೋ ಚಿತ್ರ, ಕೆಲವು ವರ್ಷ ಅದೂ ಇಲ್ಲ. ಹೊಟ್ಟೆ ತುಂಬಬೇಕಲ್ಲ? ರಾಜಮ್ಮ ತಮಿಳಿಗೆ ಹೋದರು. 1940ರಲ್ಲಿ ಸೇಲಂನ ಮಾಡರ್ನ್ ಥಿಯೇಟರ್ಸ್ ತೆಗೆದ ‘ಉತ್ತಮ ಪುತ್ರನ್’ನಲ್ಲಿ ಪಿ.ಯು. ಚಿನ್ನಪ್ಪನವರಿಗೆ ನಾಯಕಿ, ಮರುವರ್ಷ ‘ಗುಮಾಸ್ತಾವಿನ್ ಪೆಣ್’ನಲ್ಲಿ ಬಡ ಗುಮಾಸ್ತನ ಮಗಳು. ಮುಂದೆ ತೆಲುಗಿನಲ್ಲಿ 1947ರ ‘ಯೋಗಿ ವೇಮನ’ದಲ್ಲಿ, ವೇಮನ ಮರುಳಾಗುವ ಮೋಹನಾಂಗಿ. ಮೂರು ಭಾಷೆಯಲ್ಲಿ ಮಾತು ಕಲಿತು, ಬಾಯಿಪಾಠ ಮಾಡಿ, ಆಯಾ ನಾಡಿನ ಕಿವಿಗೆ ಒಪ್ಪುವ ಹಾಗೆ ಆಡುವುದು ಸಣ್ಣ ಮಾತಲ್ಲ. ಆಸ್ಟಾ ನೀಲ್ಸನ್ ಭಾಷೆಯ ಗಡಿ ದಾಟಿದ್ದು ಮೌನದ ನೆರವಿನಿಂದ. ರಾಜಮ್ಮ ದಾಟಿದ್ದು ನಾಲಗೆಯ ಬಲದಿಂದ. ಇದನ್ನು ಹೆಚ್ಚು ಕಷ್ಟದ ಸಾಧನೆ ಎಂದು ನಾನು ತಿಳಿಯುತ್ತೇನೆ. ಯೂರೋಪಿನವರು ಕೇಳಿಸಿಕೊಂಡರೆ ಕೇಳಿಸಿಕೊಳ್ಳಲಿ.

1943ರಲ್ಲಿ ಈಕೆ ‘ರಾಧಾರಮಣ’ ಎಂಬ ಕನ್ನಡ ಚಿತ್ರವನ್ನು ನಿರ್ಮಿಸಿದರು. ಕನ್ನಡದ ಮೊದಲ ಮಹಿಳಾ ನಿರ್ಮಾಪಕಿ. ವಯಸ್ಸು ಇಪ್ಪತ್ತರ ಆಚೀಚೆ. ಹೊರಗೆ ಮಹಾಯುದ್ಧ. ಕಚ್ಚಾ ಫಿಲ್ಮು ಹಡಗಿನಲ್ಲಿ ಬರಬೇಕು, ಅದಕ್ಕೆ ಸರ್ಕಾರದ ಹಿಡಿತ, ಕಥಾಚಿತ್ರ 11,000 ಅಡಿ ಮೀರಬಾರದೆಂಬ ಕಟ್ಟು. ಮಾರುಕಟ್ಟೆ ನೋಡಿದರೆ ಕನ್ನಡದ್ದು ಎಲ್ಲಕ್ಕಿಂತ ಸಣ್ಣದು. ತಮಿಳಿನಲ್ಲಿ ನಾಯಕಿಯಾಗಿ ದುಡಿದ ದುಡ್ಡನ್ನು ಯಾರಾದರೂ ಬುದ್ಧಿವಂತರು ಮದರಾಸಿನಲ್ಲಿ ಸೈಟಿಗೆ ಹಾಕುತ್ತಿದ್ದರು. ರಾಜಮ್ಮ ಕನ್ನಡಕ್ಕೆ ಹಾಕಿದರು. ಆ ಚಿತ್ರದಿಂದ ತೆರೆಗೆ ಬಂದವರು ಯಾರೆಂದು ನೋಡಿ: ಒಬ್ಬರು ಟಿ.ಎನ್. ಬಾಲಕೃಷ್ಣ, ಕಿವಿ ಸರಿಯಾಗಿ ಕೇಳದಿದ್ದರೂ ದಶಕಗಟ್ಟಲೆ ನಮ್ಮನ್ನು ನಗಿಸಿದವರು. ಇನ್ನೊಬ್ಬರು ಜಿ.ವಿ. ಅಯ್ಯರ್, ಮುಂದೆ ಸಂಸ್ಕೃತದಲ್ಲಿ ‘ಆದಿ ಶಂಕರಾಚಾರ್ಯ’ ತೆಗೆದವರು. ಕನ್ನಡ ಚಿತ್ರರಂಗದ ಎರಡು ಕಂಬಗಳನ್ನು ನೆಟ್ಟದ್ದು ಒಬ್ಬ ಹೆಣ್ಣುಮಗಳ ಹಣ. ಬಾಲಣ್ಣನವರ ಬಗ್ಗೆ, ಅಯ್ಯರ್ ಅವರ ಬಗ್ಗೆ ಭಾಷಣ ಮಾಡುವವರು ಇದನ್ನು ಮೊದಲ ಸಾಲಿನಲ್ಲೇ ಹೇಳಬೇಕು. ಹೇಳುವುದಿಲ್ಲ.

ಹಾಗಿದ್ದೂ ಇಂದಿನವರಿಗೆ ರಾಜಮ್ಮ ಎಂದರೆ ಬಿಳಿಗೂದಲ ತಾಯಿ. 1958ರ ‘ಸ್ಕೂಲ್ ಮಾಸ್ಟರ್’ನಲ್ಲಿ ಪಂತುಲು ಅವರ ಹೆಂಡತಿ. ‘ಸಂಸಾರ ನೌಕ’ದ ಆ ಎಳೆಯ ಜೋಡಿ ಇಪ್ಪತ್ತೆರಡು ವರ್ಷದ ಮೇಲೆ ಮಕ್ಕಳಿಂದ ದೂರಾದ ಮುದಿ ದಂಪತಿಯಾಗಿ ನಿಂತಾಗ ಅಳದವರಿಲ್ಲ. 1964ರಲ್ಲಿ ಪಂತುಲು ತಮಿಳಿನಲ್ಲಿ ‘ಕರ್ಣನ್’ ತೆಗೆದಾಗ ಕುಂತಿ ರಾಜಮ್ಮ, ಕರ್ಣ ಶಿವಾಜಿ ಗಣೇಶನ್. ತಾಯಿಗೂ ಮಗನಿಗೂ ವಯಸ್ಸಿನಲ್ಲಿ ಅಂತರ ಏಳೆಂಟು ವರ್ಷ ಅಷ್ಟೆ! ನಾಯಕನಿಗೆ ಐವತ್ತಾದರೂ ಕಾಲೇಜು ಹುಡುಗ, ನಾಯಕಿಗೆ ಮೂವತ್ತೈದಾದರೆ ಅವನ ತಾಯಿ. ಈ ಲೆಕ್ಕ ಇವತ್ತಿಗೂ ಬದಲಾಗಿಲ್ಲ ಎಂಬುದು ನಿಮಗೆ ಗೊತ್ತೇ ಇದೆ. ಕುಂತಿಯನ್ನು ಅವರು ಅದ್ಭುತವಾಗಿ ಮಾಡಿದರು, ಅದು ಸರಿ. ಆದರೆ ಮೋಹನಾಂಗಿಯನ್ನೂ, ನಿರ್ಮಾಪಕಿಯನ್ನೂ ನುಂಗಿ ಕೂತ ತಾಯಿಯ ಪಾತ್ರವನ್ನೇ ಅವರ ಬದುಕಿನ ಸಾರ ಎಂದು ಹೇಳುವುದು ಅನ್ಯಾಯ. ಒಂದು ಸಮಾಧಾನದ ಮಾತನ್ನೂ ಇಲ್ಲೇ ಹೇಳಿಬಿಡುತ್ತೇನೆ. ಪಂತುಲು ಅವರ ಮಗಳು ಬಿ.ಆರ್. ವಿಜಯಲಕ್ಷ್ಮಿ ಎಂಬತ್ತರ ದಶಕದಲ್ಲಿ ಕ್ಯಾಮೆರಾ ಹಿಂದೆಯೇ ನಿಂತು ಛಾಯಾಗ್ರಾಹಕಿಯಾದರು.

ಇನ್ನೊಬ್ಬ ರಾಜಮ್ಮನ ಕಥೆಯೂ ಇದೆ. 1914ರಲ್ಲಿ ಹುಬ್ಬಳ್ಳಿಯ ಹತ್ತಿರದ ಅದರಗುಂಚಿಯಲ್ಲಿ ಹುಟ್ಟಿದ ರಾಜಮ್ಮ ಎಂಬ ತಬ್ಬಲಿ ಹುಡುಗಿ ಅಬ್ದುಲ್ ಕರೀಂ ಖಾನರ ಬಳಿ ಸಂಗೀತ ಕಲಿತು, ನಾಟಕ ಕಂಪನಿ ಸೇರಿ, ಕೊಲ್ಹಾಪುರ ದಾಟಿ, ಪುಣೆಯ ಪ್ರಭಾತ್ ಕಂಪನಿ ಮುಟ್ಟಿದಳು. ಆ ಹೊತ್ತಿಗೆ ಅವಳು ಶಾಂತಾ ಹುಬ್ಳೀಕರ್. 1939ರಲ್ಲಿ ವಿ. ಶಾಂತಾರಾಂ ಮರಾಠಿಯಲ್ಲಿ ‘ಮಾಣೂಸ್’, ಹಿಂದಿಯಲ್ಲಿ ‘ಆದ್ಮಿ’ ತೆಗೆದಾಗ ಪೊಲೀಸಿನವನೊಬ್ಬ ಪ್ರೀತಿಸುವ ಸೂಳೆಯ ಪಾತ್ರ ಅವಳದು. ಮಹಾರಾಷ್ಟ್ರವೆಲ್ಲ ಅವಳ ಹಾಡು ಹಾಡಿತು. ಪ್ರಭಾತ್‌ನವರಿಗೆ ಬೇಕಿದ್ದದ್ದು ಚೆಲುವೆ ಮಾತ್ರವಲ್ಲ, ಹಾಡಲು ಬಲ್ಲ, ಜೀವನ ಕಂಡ ಹೆಣ್ಣು. ಆ ಪಾತ್ರದ ಒರಟು ನಗು, ಕಹಿ ಹಾಸ್ಯ ಸಭ್ಯ ಮನೆಯ ಹುಡುಗಿಗೆ ಬರುವಂಥದ್ದಲ್ಲ. ಗುಬ್ಬಿಯವರು 1942ರಲ್ಲಿ ‘ಜೀವನ ನಾಟಕ’ಕ್ಕೆ ಅವಳನ್ನು ಕನ್ನಡಕ್ಕೂ ಕರೆತಂದರು. ಆಮೇಲೆ ಅವಳು ಮರೆಯಾದಳು, ಮುಪ್ಪಿನಲ್ಲಿ ಆಶ್ರಮದ ಆಸರೆಯಲ್ಲಿ ಇರಬೇಕಾಯಿತು. ಮರಾಠಿ ಓದುಗರು ಅವಳನ್ನು ಮತ್ತೆ ಕಂಡುಕೊಂಡರು. ‘ಮಾಣೂಸ್’ ಹಾಡಿನ ಮೊದಲ ಸಾಲನ್ನೇ ಹೆಸರಾಗಿಟ್ಟು ಅವಳು ಆತ್ಮಕಥೆ ಪ್ರಕಟಿಸಿದಳು, 1992ರಲ್ಲಿ ತೀರಿಕೊಂಡಳು. ಮರಾಠಿಗರು ಅವಳನ್ನು ತಮ್ಮವಳೆಂದರು, ಅದರಲ್ಲಿ ತಪ್ಪೇನೂ ಇಲ್ಲ. ಹೆಸರಿನಲ್ಲೇ ಹುಬ್ಬಳ್ಳಿ ಇಟ್ಟುಕೊಂಡಿದ್ದವಳನ್ನು ನಾವೇಕೆ ಕೈಬಿಟ್ಟೆವು ಎಂಬುದು ನಾವು ಉತ್ತರ ಹೇಳಬೇಕಾದ ಪ್ರಶ್ನೆ.

ಇದೆಲ್ಲ ಹಳೆಯ ಕಥೆ ಎಂದು ನೀವು ಅಂದುಕೊಂಡರೆ, ಸುಗ್ಗಿ ಮುಗಿದ ಮೇಲೆ ನಿಮ್ಮ ಊರುಗಳಲ್ಲಿ ನಡೆಯುವ ‘ಕುರುಕ್ಷೇತ್ರ’ ನಾಟಕವನ್ನು ನೆನೆಸಿಕೊಳ್ಳಿ. ಊರಿನ ಗಂಡಸರು ದುರ್ಯೋಧನ, ಭೀಮ, ಕೃಷ್ಣನ ಪಾತ್ರಕ್ಕೆ ತಾವೇ ದುಡ್ಡು ಕಟ್ಟುತ್ತಾರೆ. ಕೃಷ್ಣನ ಪಾತ್ರಕ್ಕೆ ಒಂದು ದರ, ಶಕುನಿಗೆ ಇನ್ನೊಂದು. ತಿಂಗಳುಗಟ್ಟಲೆ ಹಾರ್ಮೋನಿಯಂ ಮೇಷ್ಟ್ರು ಬಂದು ಕಲಿಸುತ್ತಾರೆ, ಡ್ರಾಮಾ ಸೀನರಿ ಬಾಡಿಗೆಗೆ ಬರುತ್ತದೆ. ದ್ರೌಪದಿ, ಕುಂತಿ, ರುಕ್ಮಿಣಿ ಪಾತ್ರಗಳಿಗೆ ಮಾತ್ರ ಹೊರಗಿನಿಂದ ಕಲಾವಿದೆಯರು ಬರುತ್ತಾರೆ. ಸಂಜೆ ಬಸ್ಸಿಳಿದು, ಗೊತ್ತಿಲ್ಲದ ಗಂಡಸರ ಜೊತೆ, ರಿಹರ್ಸಲ್ಲೂ ಇಲ್ಲದೆ, ಇಡೀ ರಾತ್ರಿ ಹಾಡಿ, ಅವರು ಮಾತು ಮರೆತರೆ ಮೆಲ್ಲಗೆ ನೆನಪಿಸಿ ಕಾಪಾಡಿ, ಬೆಳಗ್ಗೆ ಸಂಬಳ ಇಸಕೊಂಡು ಮೊದಲ ಬಸ್ಸಿಗೆ ಹೋಗುತ್ತಾರೆ. ಆ ರಂಗದ ಮೇಲೆ ವೇಷ ಕಟ್ಟಿದವರಲ್ಲಿ ಕಸುಬುದಾರರು ಅಂದರೆ ಅವರೇ. ಉಳಿದವರೆಲ್ಲ ಖುಷಿಗೆ ಬಂದವರು. ಆ ಕಲಾವಿದೆಯರ ಬಗ್ಗೆ ಊರಿನ ಬಾಯಿ ಆಡುವ ಮಾತು ಮಾತ್ರ ಜಯಮ್ಮನವರ ಕಾಲದಲ್ಲಿ ಇದ್ದದ್ದೇ. ನಾಟಕ ನೋಡಲು ಮುಂದಿನ ಸಾಲಿನಲ್ಲಿ ಚಾಪೆ ಹಾಸಿಕೊಂಡು ಕೂತವರೇ ಆ ಮಾತನ್ನೂ ಆಡುವವರು.

ನಟಿಯರ ಚರಿತ್ರೆಯನ್ನು ರೂಪದ ಚರಿತ್ರೆಯಾಗಿ, ಅಥವಾ ಅಯ್ಯೋ ಪಾಪ ಎನ್ನುವ ಕಣ್ಣೀರಿನ ಕಥೆಯಾಗಿ ಬರೆದದ್ದು ಸಾಕು. ಅದು ದುಡಿಮೆಯ ಚರಿತ್ರೆ. ಸಂಬಳ ಎಷ್ಟು, ಎಷ್ಟು ಭಾಷೆ ಕಲಿತರು, ಹಾಡಲು ಯಾರ ಬಳಿ ಪಾಠವಾಯಿತು, ದುಡಿದ ದುಡ್ಡು ಯಾರ ಕೈ ಸೇರಿತು, ಕೆಲಸ ನಿಂತ ಮೇಲೆ ಊಟಕ್ಕೆ ಏನು ಮಾಡಿದರು, ಇವು ಕೇಳಬೇಕಾದ ಪ್ರಶ್ನೆಗಳು. ಒಂದು ಎಕರೆ ಗದ್ದೆಗೆ ಎಷ್ಟು ಆಳು, ಎಷ್ಟು ಕೂಲಿ, ಎಷ್ಟು ಇಳುವರಿ ಎಂದು ಬರೆದಿಡುವ ಶಿಸ್ತು ಈ ಸಂಸ್ಥೆಯಲ್ಲಿ ಇದೆ. ಆ ಶಿಸ್ತನ್ನೇ ನಾನು ಕೇಳುತ್ತಿರುವುದು.

ವಿದ್ಯಾರ್ಥಿಗಳಿಗೆ ಒಂದು ಕೋರಿಕೆಯಿದೆ. ನಿಮ್ಮ ಅಜ್ಜಂದಿರ ಟ್ರಂಕಿನಲ್ಲಿ ಹಳೆಯ ನಾಟಕದ ಕರಪತ್ರ, ಸಿನಿಮಾದ ಹಾಡಿನ ಪುಸ್ತಕ, ಗ್ರಾಮಫೋನ್ ತಟ್ಟೆ, ಕಂಪನಿಯವರ ಜೊತೆ ತೆಗೆಸಿದ ಫೋಟೋ ಇದ್ದರೆ ಗುಜರಿಗೆ ಹಾಕಬೇಡಿ. ಪುಣೆಯಲ್ಲಿ 1964ರಿಂದ ರಾಷ್ಟ್ರೀಯ ಚಲನಚಿತ್ರ ಸಂಗ್ರಹಾಲಯವಿದೆ, ಅಷ್ಟು ದೂರ ಆಗದಿದ್ದರೆ ನಿಮ್ಮ ಕಾಲೇಜಿನ ಗ್ರಂಥಾಲಯಕ್ಕೆ ಕೊಡಿ. ಈ ಸಲ ಊರಿನಲ್ಲಿ ನಾಟಕವಾದಾಗ ದ್ರೌಪದಿಯ ಪಾತ್ರಕ್ಕೆ ಬಂದ ಹಿರಿಯ ಕಲಾವಿದೆಯನ್ನು ಬಸ್ಸು ಬರುವವರೆಗೆ ಮಾತಾಡಿಸಿ, ಅವರು ಒಪ್ಪಿದರೆ ನಿಮ್ಮ ಮೊಬೈಲಿನಲ್ಲಿ ಅದನ್ನು ರೆಕಾರ್ಡ್ ಮಾಡಿ, ತಾರೀಖು, ಊರು, ಅವರ ಪೂರ್ತಿ ಹೆಸರು ಬರೆದಿಡಿ. ಮಾತಿಗೆ ಮುಂಚೆ ಅವರಿಗೆ ಬರಬೇಕಾದ ಸಂಬಳ ಪೂರ್ತಿ ಸಂದಿದೆಯೇ ಎಂದು ಕೇಳಿ.